ಸಾಯುವ ಪಾತ್ರದವರ ಮನೆಯಲ್ಲಿ

ಮೆಕ್ಸಿಕೊ ನಗರದಲ್ಲಿ ಬಾಡಿಗೆ ಕೋಣೆ ನೋಡಲು ಹೋದ ದಿನ ಮನೆಯ ಮಾಲೀಕರು ಮೆಟ್ಟಿಲ ಮೇಲೆ ಸತ್ತು ಬಿದ್ದಿದ್ದರು. ಕಣ್ಣು ತೆರೆದೇ ಇತ್ತು. ನಾನು ಕಿರುಚಿಕೊಂಡೆ. ಅವರ ತಂಗಿ ಒಳಗಿನಿಂದ, "ದಾಟಿಕೊಂಡು ಬಾ, ಅಭ್ಯಾಸ ಮಾಡುತ್ತಿದ್ದಾನೆ" ಎಂದರು. ಹೆಣವೇ ಎದ್ದು ಬಂದು ನನ್ನ ಕೈ ಕುಲುಕಿತು.

ಅವರು ಸಿನಿಮಾ ನಟ, ದೋನ್ ಎವಾರಿಸ್ತೊ. ನಾವು ಹಿರಿಯರ ಹೆಸರಿನ ಕೊನೆಗೆ 'ಅಣ್ಣಾ' ಹಚ್ಚಿದಂತೆ ಇಲ್ಲಿಯವರು ಮೊದಲಿಗೆ 'ದೋನ್' ಹಚ್ಚುತ್ತಾರೆ. ಉತ್ತರದ ಒಣ ಸೀಮೆಯಲ್ಲಿ ಕುದುರೆ ಕಾಯುವವನ ಮಗ. ಹದಿನೇಳನೆಯ ವಯಸ್ಸಿಗೆ ನಗರಕ್ಕೆ ಬಂದರು. ಕುದುರೆಯಿಂದ ಚೆನ್ನಾಗಿ ಬೀಳುತ್ತಾನೆಂದು ಸ್ಟುಡಿಯೊದವರು ಸೇರಿಸಿಕೊಂಡರು. ಅಂದಿನಿಂದ ಬಿದ್ದದ್ದೇ ಬಿದ್ದದ್ದು. ಖಳನಾಯಕನ ಬಂಟನಾಗಿ ಗುಂಡು ತಿಂದು, ಅರ್ಧ ಸಿನಿಮಾ ಮುಗಿಯುವ ಮೊದಲೇ ಸಾಯುತ್ತಿದ್ದರು. ಧ್ವನಿ ಕೀರಲೆಂದು ಅವರ ಮಾತನ್ನು ಬೇರೆಯವರಿಂದ ಹೇಳಿಸುತ್ತಿದ್ದರಂತೆ. "ಪರದೆಯ ಮೇಲೆ ನನ್ನ ಧ್ವನಿ ನಾನು ಒಮ್ಮೆಯೂ ಕೇಳಿಲ್ಲ" ಎನ್ನುವಾಗ ಅವರ ಮುಖ ನೋಡಲಾಗುತ್ತಿರಲಿಲ್ಲ.

ನನಗೆ ಇಲ್ಲಿಯ ಬಟ್ಟೆ ಗಿರಣಿಯಲ್ಲಿ ನೇಯ್ಗೆ ಪರೀಕ್ಷಿಸುವ ಕೆಲಸ. ಸೊಲ್ಲಾಪುರದ ಚಾದರ ವ್ಯಾಪಾರಿಯ ಮಗಳಿಗೆ ಮಗ್ಗದ ಸದ್ದು ಹೊಸದಲ್ಲ, ಮೌನ ಹೊಸದು. ಅಕ್ಕಲಕೋಟೆಯ ಬಸ್ಸಿನಲ್ಲಿ ಕಿಟಕಿಯಿಂದ ಕರವಸ್ತ್ರ ಎಸೆದು ಸೀಟು ಹಿಡಿಯುತ್ತಿದ್ದೆ, ಜಗಳಾಡಿದವಳ ಜೊತೆಗೇ ಶೇಂಗಾ ಹಂಚಿಕೊಂಡು ತಿನ್ನುತ್ತಿದ್ದೆ. ಇಲ್ಲಿ ಸೀಟು ಸಿಗುತ್ತದೆ, ಜಗಳಕ್ಕೂ ಜನವಿಲ್ಲ. ಒಂದು ದಿನ ದೋನ್ ಎವಾರಿಸ್ತೊ ಅವರ ತಂಗಿ 'ಸಾಲ್ಸಾ ಮಾಚಾ' ಬಡಿಸಿದರು: ಹುರಿದ ಶೇಂಗಾ, ಒಣ ಮೆಣಸಿನಕಾಯಿ, ಮೇಲೆ ಎಣ್ಣೆ. ನಮ್ಮ ಶೇಂಗಾ ಹಿಂಡಿಯೇ! ಕಣ್ಣಲ್ಲಿ ನೀರು ಬಂತು. ಖಾರಕ್ಕೆ ಎಂದು ಸುಳ್ಳು ಹೇಳಿದೆ.

ಊರಿನ ನೆನಪಿನ ಜೊತೆಗೆ ಫೋನಿನಲ್ಲಿ ಅಪ್ಪನ ಪ್ರಶ್ನೆಯೂ ಬರುತ್ತಿತ್ತು. ನಾನು ಒಬ್ಬಳೇ ಮಗಳು. ಅವರಿಗೆ ಮೊಣಕಾಲು ನೋವು. "ನೀ ಬಂದ ದುಕಾನ ನಡಸ್ತಿ ಏನ? ಇಲ್ಲಾ ಬ್ಯಾರೆದವ್ರಿಗೆ ಕೊಟ್ಟ ನಾನೂ ನಿಮ್ಮವ್ವನೂ ಅಕ್ಕಲಕೋಟದ ಹಳೀ ಮನಿಗಿ ಹೋಗಿ ಆರಾಮ ಇರತೀವಿ." ಪ್ರತಿ ಸಲವೂ "ನೋಡೂಣಪ್ಪಾ" ಎಂದು ಜಾರಿಕೊಳ್ಳುತ್ತಿದ್ದೆ.

ಈ ವರ್ಷ ದೋನ್ ಎವಾರಿಸ್ತೊಗೆ ಸಾಯದ ಪಾತ್ರ ಸಿಕ್ಕಿತು. ಮೆಕ್ಸಿಕೊದಲ್ಲಿ ಅಂಗಡಿ ಇಟ್ಟ ಭಾರತದ ಮುದುಕ ವ್ಯಾಪಾರಿ. ಒಂದು ಮಾತು ಇದೆ, ಅದೂ ಸ್ವಂತ ಧ್ವನಿಯಲ್ಲಿ. ಅಂಗಡಿಯನ್ನು ಕಾಯಂ ಆಗಿ ಮುಚ್ಚುವಾಗ ತನ್ನ ಭಾಷೆಯಲ್ಲಿ "ಅಂಗಡಿ ಮುಚ್ಚಿ" ಎನ್ನಬೇಕು.

"ನಿಮ್ಮಲ್ಲಿ ಹೇಗೆ ಹೇಳುತ್ತಾರೆ?" ಎಂದು ಕೇಳಿದರು.

ನಮ್ಮಲ್ಲಿ ಮನೆಯ ಮಾತು ಕನ್ನಡ, ಅಂಗಡಿಯ ಮಾತು ಮರಾಠಿ. ಯಾವುದರಲ್ಲೂ ಅಂಗಡಿಗೆ 'ಮುಚ್ಚು' ಎನ್ನುವುದಿಲ್ಲ, ಅದು ಅಪಶಕುನ. ಬಾಗಿಲೆಳೆಯುವ ಹೊತ್ತಿಗೆ ಅಪ್ಪ "ದುಕಾನ ವಾಢವಾ" ಎನ್ನುತ್ತಾರೆ. ಅಂಗಡಿ ಬೆಳೆಸಿ ಎಂದು ಅದರ ಅರ್ಥ, ಕೇಳಿದವರು ಮುಚ್ಚುತ್ತಾರೆ.

ಅದನ್ನೇ ಕಲಿಸಿದೆ. ಅವರಿಗೆ 'ಢ' ಬರಲೊಲ್ಲದು. ಬೆಳಿಗ್ಗೆ ಅವರನ್ನು ಪಕ್ಕದಲ್ಲಿ ಕೂರಿಸಿಕೊಂಡು ಅಪ್ಪನಿಗೆ ವಿಡಿಯೊ ಕರೆ ಮಾಡಿದೆ; ಅಲ್ಲಿ ಸಂಜೆ, ಅಂಗಡಿಯಲ್ಲಿದ್ದರು.

"ಢ ಹೊಟ್ಟಿಂದ ಬರಬೇಕ್ರಿ ಸಾಹೇಬ್ರ!" ಎಂದು ಅಪ್ಪ ನಕ್ಕರು. ಆಮೇಲೆ ನನ್ನನ್ನು ಕೇಳಿದರು, "ಸಿನಿಮಾದಾಗ ಇವ್ರ ಯಾಕ ದುಕಾನ ಬಿಡಾಕತ್ತಾರ?"

ನಾನು ಸ್ಪ್ಯಾನಿಷ್‌ನಲ್ಲಿ ಕೇಳಿದೆ. "ದೂರ ಹೋದ ಮಗ ಬರುವುದಿಲ್ಲ" ಎಂದರು ದೋನ್ ಎವಾರಿಸ್ತೊ.

ಅಪ್ಪನಿಗೆ ತಿರುಗಿಸಿ ಹೇಳುವಾಗ ನನ್ನ ಬಾಯಿಂದ ಬೇರೆಯೇ ಬಂತು. "ಮಗಳ ಬರಂಗಿಲ್ಲಂತಪ್ಪಾ."

ಅಪ್ಪ ಚಷ್ಮಾ ತೆಗೆದು ಒರೆಸಿಕೊಂಡರು. "ಅಕಿ ಇದ್ದಲ್ಲೆ ಆರಾಮ ಅದಾಳಂತೇನ?"

"ಹೂಂ. ಆದ್ರ ಊರ ಭಾಳ ನೆನಸ್ತಾಳಂತ."

"ಆತು. ಹಂಗಾದ್ರ ಬ್ಯಾರೆದವ್ರಿಗೆ ಕೊಟ್ಟಬಿಡ್ತೀನಿ." ಅವರು ಹಳೆಯ ಆಳು ಬಸಣ್ಣನತ್ತ ತಿರುಗಿದರು. "ದುಕಾನ ವಾಢವಾ."

ಶಟರ್ ಇಳಿಯಿತು. ಪಾಠ ಇನ್ನೂ ನಡೆದಿದೆ ಎಂದುಕೊಂಡ ದೋನ್ ಎವಾರಿಸ್ತೊ ತಮ್ಮ ಕೀರಲು ಧ್ವನಿಯಲ್ಲಿ ಹಾಗೆಯೇ ಹೇಳಿದರು. ಈ ಸಲ ಢ ಬಂತು.

"ಶಾಬಾಸ್" ಎಂದರು ಅಪ್ಪ. ಯಾರಿಗೆ ಎಂದು ನಾನು ಕೇಳಲಿಲ್ಲ.