ಮಹಡಿ ಮಾಮನ ಕ್ಯಾಮೆರಾ

ಅವರ ಮುಖದ ಎಡಭಾಗಕ್ಕೆ ಅರವತ್ತು ವರ್ಷವಾಗಿತ್ತು, ಬಲಭಾಗಕ್ಕೆ ನಲವತ್ತು. ಕೆಲಸಕ್ಕೆ ಸೇರಿದ ದಿನದಿಂದ ಎಡಗಣ್ಣು ಮುಚ್ಚಿ ಬಲಗಣ್ಣನ್ನು ಕ್ಯಾಮೆರಾಕ್ಕೆ ಒತ್ತಿ ಹಿಡಿದವರು. ಹಾಗಾಗಿ ಎಡಗಣ್ಣಿನ ಸುತ್ತ ಹಪ್ಪಳ ಮುರಿದಂತೆ ಗೆರೆಗಳು, ಬಲಗಣ್ಣಿನ ಸುತ್ತ ಒಂದೂ ಇಲ್ಲ. ಎಡಗಡೆ ಕೂತು ಮಾತಾಡಿದರೆ ತಾತನ ಜೊತೆ ಮಾತಾಡಿದಂತೆ, ಬಲಗಡೆ ಕೂತರೆ ಚಿಕ್ಕಪ್ಪನ ಜೊತೆ. ಅವರ ನಿಜವಾದ ವಯಸ್ಸು ಇವೆರಡರ ನಡುವೆ ಎಲ್ಲೋ ಇತ್ತು.

ತಿರುವನಂತಪುರದ ಪಟ್ಟಂನಲ್ಲಿ ನಾವು ಕೆಳಗಿನ ಮನೆ, ಅವರು ಮೇಲಿನ ಮನೆ. ನಮ್ಮಪ್ಪ ಬ್ಯಾಂಕಿನ ವರ್ಗಾವಣೆಯಲ್ಲಿ ತುಮಕೂರಿನಿಂದ ಬಂದಿದ್ದರು. ಮೇಲಿನ ಮನೆಯವರು ಮೈಸೂರಿನವರು, ಬಾಹ್ಯಾಕಾಶ ಸಂಸ್ಥೆಯಲ್ಲಿ ರಾಕೆಟ್ ಹಾರುವಾಗ ಅದನ್ನು ಕ್ಯಾಮೆರಾದಲ್ಲಿ ಹಿಂಬಾಲಿಸುವ ವಿಭಾಗದಲ್ಲಿದ್ದರು. ಇಡೀ ಕಟ್ಟಡದಲ್ಲಿ ಕನ್ನಡದ ಮನೆಗಳು ಎರಡೇ ಆದ್ದರಿಂದ ಬಂದ ವಾರದೊಳಗೇ ನಾವು ನೆಂಟರಾದೆವು. ನಾನು ಅವರನ್ನು ಮಹಡಿ ಮಾಮ ಎಂದು ಕರೆದೆ, ಅವರ ಹೆಂಡತಿಯನ್ನು ಮಹಡಿ ಅತ್ತೆ ಎಂದು. ಅವರ ಮಗಳು ಸ್ಮಿತಾ ನನ್ನದೇ ಕ್ಲಾಸು. ಅಪ್ಪ ಕನ್ನಡದಲ್ಲಿ ಕೇಳಿದರೆ ಮಲಯಾಳದಲ್ಲಿ ಉತ್ತರ ಕೊಡುತ್ತಿದ್ದಳು. ಅವರಿಬ್ಬರ ಜಗಳ ಎರಡು ರೇಡಿಯೋ ಸ್ಟೇಷನ್ನು ಒಟ್ಟಿಗೆ ಹಾಕಿದ ಹಾಗಿರುತ್ತಿತ್ತು.

ಮಾಮನ ಒಂದೇ ಮಂತ್ರ, "ಹಿಂದಕ್ಕೆ ಬಾ." ಯಾವುದನ್ನೇ ಆಗಲಿ ಹತ್ತಿರದಿಂದ ನೋಡಿದರೆ ಅವರಿಗೆ ತಡೆಯುತ್ತಿರಲಿಲ್ಲ. ಪುಸ್ತಕ ಕಣ್ಣಿಗೆ ಹತ್ತಿರ ಹಿಡಿದರೆ ಹಿಂದಕ್ಕೆ. ಅತ್ತೆ ರಂಗೋಲಿ ಹಾಕುವಾಗ ನಾಲ್ಕು ಮೆಟ್ಟಿಲು ಹತ್ತಿ ನಿಂತು ಅಲ್ಲಿಂದ ತಪ್ಪು ಹೇಳುತ್ತಿದ್ದರು. ಶಂಖುಮುಖಂ ಕಡಲ ತೀರದಲ್ಲಿ ಎರಡೂ ಮನೆಯವರ ಫೋಟೋ ತೆಗೆಯಲು ನಿಂತವರು ನಮ್ಮನ್ನೆಲ್ಲ ಹಿಂದೆ, ಇನ್ನೂ ಹಿಂದೆ ಎಂದು ಸರಿಸುತ್ತಾ ಹೋದರು. ನಮ್ಮಮ್ಮನ ಹೊಸ ಸೀರೆ ಮೊಣಕಾಲಿನವರೆಗೆ ನೆಂದ ಮೇಲೆಯೇ ಅವರಿಗೆ ಆ ಚಿತ್ರ ಸರಿ ಕಂಡದ್ದು. ಆ ಫೋಟೋದಲ್ಲಿ ಕಡಲು ಬಹಳ ಚೆನ್ನಾಗಿ ಬಂದಿದೆ. ಮನುಷ್ಯರು ಯಾರೆಂದು ಗೊತ್ತಾಗುವುದಿಲ್ಲ.

ತೊಂಬತ್ತರ ದಶಕದ ಕೊನೆಯಲ್ಲಿ ಅವರ ಮನೆಗೆ ಕಂಪ್ಯೂಟರ್ ಬಂತು. ಅತ್ತೆ ಅದಕ್ಕೊಂದು ಕಸೂತಿ ಹಾಕಿದ ಹೊದಿಕೆ ಹೊಲಿದರು. ಸ್ಮಿತಾಳಿಗೆ ಗಲ್ಫಿನಿಂದ ರಜೆಗೆ ಬಂದ ಗೆಳತಿಯೊಬ್ಬಳು ಬಾಸ್ಕೆಟ್‌ಬಾಲ್ ಆಟದ ಸಿ.ಡಿ. ಕೊಟ್ಟಳು. ಪ್ರತಿ ಶನಿವಾರ ಮಧ್ಯಾಹ್ನ ಊಟ ಮುಗಿಸಿ ನಾನು ಮೇಲೆ ಹೋಗುತ್ತಿದ್ದೆ. ನಾನು ಶಾಲೆಯಲ್ಲಿ ನಿಜವಾಗಿ ಬಾಸ್ಕೆಟ್‌ಬಾಲ್ ಆಡುತ್ತಿದ್ದವಳು, ಸ್ಮಿತಾ ಜೀವನದಲ್ಲಿ ಚೆಂಡು ಮುಟ್ಟಿದವಳಲ್ಲ. ಆದರೆ ಕಂಪ್ಯೂಟರಿನಲ್ಲಿ ಅವಳು ಸಿಕ್ಕ ಗುಂಡಿ ಒತ್ತಿ ನನ್ನನ್ನು ಪ್ರತಿ ವಾರ ಸೋಲಿಸುತ್ತಿದ್ದಳು.

ಮಾಮ ಆ ಆಟವನ್ನು ಒಮ್ಮೆಯೂ ಆಡಲಿಲ್ಲ. ಅವರಿಗೆ ಬೇಕಾಗಿದ್ದದ್ದು ಅದರೊಳಗಿನ ಒಂದು ಪುಟ. ಅಲ್ಲಿ ಕ್ಯಾಮೆರಾವನ್ನು ನಮಗೆ ಬೇಕಾದ ಹಾಗೆ ಇಟ್ಟುಕೊಳ್ಳಬಹುದಿತ್ತು. ಅಂಗಳವನ್ನು ಪಕ್ಕದಿಂದ ನೋಡುವುದೋ, ಬುಟ್ಟಿಯ ಹಿಂದಿನಿಂದಲೋ, ನೆತ್ತಿಯ ಮೇಲಿನಿಂದಲೋ, ಎಷ್ಟು ಎತ್ತರ, ಎಷ್ಟು ಜೂಮ್, ಎಲ್ಲಕ್ಕೂ ಒಂದೊಂದು ಗೆರೆ. ಬಾಣದ ಗುಂಡಿ ಒತ್ತಿದರೆ ಗೆರೆ ಉದ್ದವಾಗುತ್ತದೆ, ಗಿಡ್ಡವಾಗುತ್ತದೆ. ಸರ್ಕಾರ ಲಕ್ಷಾಂತರ ಸುರಿದು ಕೊಡಿಸಿದ ಕ್ಯಾಮೆರಾ ಕೂಡ ಹೇಳಿದ ಮಾತನ್ನು ಇಷ್ಟು ಕೇಳುವುದಿಲ್ಲ ಎಂದು ಅವರು ಬೆರಗಾದರು. ಅಲ್ಲಿಂದ ಮುಂದೆ ಪ್ರತಿ ಶನಿವಾರ ಮೊದಲ ಅರ್ಧ ಗಂಟೆ ಅವರದ್ದು. ಒಂದು ಹಳೇ ಡೈರಿಯಲ್ಲಿ ಕೋನ ಇಷ್ಟು, ಎತ್ತರ ಇಷ್ಟು ಎಂದು ಬರೆದುಕೊಳ್ಳುವರು, ಕುರ್ಚಿಯನ್ನು ಗೋಡೆಯವರೆಗೆ ಹಿಂದೆ ಸರಿಸಿ ನೋಡುವರು, ಮತ್ತೆ ಬಂದು ಒಂದು ಕೂದಲೆಳೆ ಬದಲಿಸುವರು. ಅಷ್ಟರಲ್ಲಿ ಎಷ್ಟೋ ಸಲ ಕರೆಂಟು ಹೋಗಿ ಎಲ್ಲ ಮೊದಲಿನಿಂದ ಆಗಬೇಕಾಗುತ್ತಿತ್ತು.

ಸ್ಮಿತಾಳಿಗೆ ಕ್ಯಾಮೆರಾ ಆಟಗಾರನ ಮೂಗಿನ ಹತ್ತಿರ ಇರಬೇಕು. ಬೆವರಿನ ಹನಿ ಕಾಣಬೇಕು. ಮಾಮ ಇಟ್ಟುಕೊಟ್ಟ ಕೋನದಲ್ಲಿ ಇಡೀ ಅಂಗಳ ಒಂದು ಚಾಪೆಯ ಹಾಗೆ ಕಾಣುತ್ತಿತ್ತು, ಹತ್ತು ಜನ ಅದರ ಮೇಲೆ ಹರಿದಾಡುತ್ತಿದ್ದರು.

"ಅಪ್ಪಾ, ಇದು ಉರುಂಬಾಣೋ?" ಎಂದು ಅವಳು ಕೇಳಿದಳು. ಇವೇನು ಇರುವೆಗಳಾ ಎಂದು.

"ಇರುವೆಗಳೇ. ಹತ್ತು ಇರುವೇನೂ ಒಟ್ಟಿಗೆ ಕಾಣ್ತಿವೆ ತಾನೇ? ಆಡು," ಎಂದರು ಮಾಮ.

ಕೊನೆಗೆ ಅತ್ತೆ ಅಡುಗೆಮನೆಯಿಂದ ಬಂದು ಪಂಚಾಯಿತಿ ಮಾಡಿದರು. ಮೊದಲರ್ಧ ಅಪ್ಪನ ಕ್ಯಾಮೆರಾ, ಎರಡನೆಯರ್ಧ ಮಗಳ ಕ್ಯಾಮೆರಾ. ನನ್ನನ್ನು ಯಾರೂ ಕೇಳಲಿಲ್ಲ. ಎರಡರಲ್ಲೂ ನಾನು ಸೋಲುತ್ತಿದ್ದೆನಾದ್ದರಿಂದ ಕೇಳುವ ಅಗತ್ಯವೂ ಇರಲಿಲ್ಲ.

ಆ ವರ್ಷ ನನಗೊಂದು ಕಷ್ಟ ಬಂತು. ಶಾಲೆಯ ತಂಡದಲ್ಲಿ ಚೆಂಡನ್ನು ಮುಂದಕ್ಕೆ ತಂದು ಹಂಚುವ ಕೆಲಸ ನನ್ನದು. ಪಿ.ಟಿ. ಟೀಚರ್‌ಗೆ ನನ್ನ ಓಟ ಇಷ್ಟ, ಆದರೆ ನಾನು ಚೆಂಡನ್ನು ಬಿಟ್ಟು ಬೇರೇನನ್ನೂ ನೋಡುವುದಿಲ್ಲ ಎಂಬುದು ಅವರ ದೂರು. ಕಣ್ಣು ಕಟ್ಟಿದ ಕುದುರೆ ಎನ್ನುತ್ತಿದ್ದರು. ಡಿಸೆಂಬರಿನಲ್ಲಿ ಕೊಚ್ಚಿಗೆ ಹೋಗಿ ಅಲ್ಲಿಯ ಶಾಲೆಯೊಂದರ ಜೊತೆ ಪಂದ್ಯ ಆಡುವುದಿತ್ತು. ಅದನ್ನು ನೋಡಿ ಜಿಲ್ಲಾ ತಂಡಕ್ಕೆ ಹೆಸರು ಕೊಡುತ್ತೇನೆ, ಅಲ್ಲೂ ಹೀಗೇ ಆಡಿದರೆ ನಿನ್ನ ಜಾಗಕ್ಕೆ ಬೇರೆಯವರು ಎಂದು ಟೀಚರ್ ಖಡಾಖಂಡಿತವಾಗಿ ಹೇಳಿದರು. ಇತ್ತ ನಮ್ಮಪ್ಪ, ಜಿಲ್ಲಾ ತಂಡಕ್ಕೆ ಆಯ್ಕೆಯಾಗದಿದ್ದರೆ ಆಟ ಬಂದ್, ಹತ್ತನೇ ಕ್ಲಾಸಿಗೆ ಟ್ಯೂಷನ್ ಎಂದರು. ನನಗೆ ಆಗ ಬಾಸ್ಕೆಟ್‌ಬಾಲ್ ಬಿಟ್ಟು ಬೇರೆ ಯಾವುದರ ಮೇಲೂ ಆಸೆ ಇರಲಿಲ್ಲ. ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ.

ಮಾಮನಿಗೆ ಸಂಗತಿ ಗೊತ್ತಾಯಿತು. ಮರುದಿನದಿಂದ ಶನಿವಾರವಷ್ಟೇ ಅಲ್ಲ, ಪ್ರತಿ ಸಂಜೆ ಪಾಠ. ಕ್ಯಾಮೆರಾವನ್ನು ಎಷ್ಟು ದೂರ ಹೋಗುತ್ತದೋ ಅಷ್ಟು ದೂರ ಇಟ್ಟರು. ನಾನು ಆಡುತ್ತಿದ್ದರೆ ಅವರು ಪರದೆಯ ಪಕ್ಕದಲ್ಲಿ ನಿಂತು ಚೆಂಡಿನ ಮೇಲೆ ಅಂಗೈ ಅಡ್ಡ ಹಿಡಿಯುವರು. ಚೆಂಡು ಓಡಿದಲ್ಲೆಲ್ಲ ಅಂಗೈ ಓಡುತ್ತಿತ್ತು.

"ಈಗ ಹೇಳು, ಎಲ್ಲಿ ಖಾಲಿ ಇದೆ?"

"ಮಾಮ, ಚೆಂಡೇ ಕಾಣ್ತಿಲ್ಲ."

"ಚೆಂಡು ನಿನ್ನ ಕೈಯಲ್ಲೇ ಇದೆ ಕಣೇ. ಅದನ್ಯಾಕೆ ನೋಡ್ತೀಯಾ? ಯಾರೂ ಇಲ್ಲದ ಜಾಗ ನೋಡು."

ಕೆಲಸಕ್ಕೆ ಹೊಸದಾಗಿ ಸೇರಿದ ಹುಡುಗರ ಕಥೆ ಹೇಳುತ್ತಿದ್ದರು. ರಾಕೆಟ್ ಎದ್ದಾಗ ಅವರೆಲ್ಲ ಬಾಲದ ಬೆಂಕಿಗೆ ಮರುಳಾಗಿ ಜೂಮ್ ಮಾಡುತ್ತಾರಂತೆ. ಬೆಂಕಿ ದೊಡ್ಡದಾಗಿ ಕಾಣುತ್ತದೆ, ಮರುಕ್ಷಣ ರಾಕೆಟ್ಟೇ ಕೈತಪ್ಪಿ ಬರೀ ಆಕಾಶ ಉಳಿಯುತ್ತದೆ. ಮೂರು ವಾರ ಕಳೆಯುವುದರಲ್ಲಿ ಪರದೆಯ ತುಂಬ ಮಾಮನ ಅಂಗೈಯ ಎಣ್ಣೆ ಗುರುತು. ಅತ್ತೆ ಬೈದುಕೊಂಡು ಒರೆಸುತ್ತಿದ್ದರು. ನಾನು ಮಾತ್ರ ಅಂಗೈಯನ್ನೇ ನೋಡುವುದನ್ನು ಕಲಿತಿದ್ದೆ.

ಪಂದ್ಯದ ದಿನ ಮಾಮ ಕೊಚ್ಚಿಗೆ ಬಂದರು. ಅಲ್ಲೇ ಹತ್ತಿರದ ಏಲೂರಿನ ಕಾರ್ಖಾನೆಯಲ್ಲಿ ಆಫೀಸಿನ ಕೆಲಸವಿದೆ ಎಂದು ಎಲ್ಲರಿಗೂ ಹೇಳಿದ್ದರು. ಆ ಕೆಲಸ ಏನೆಂದು ಇಂದಿಗೂ ಯಾರಿಗೂ ಗೊತ್ತಿಲ್ಲ, ಏಲೂರಿಗಂತೂ ಅವರು ಹೋಗಲಿಲ್ಲ. ನಮಗಿಂತ ಮೊದಲೇ ಆ ಶಾಲೆಯ ಮೈದಾನ ಸೇರಿ ಎರಡೂ ಕೈಯ ಬೆರಳುಗಳ ಚೌಕಟ್ಟು ಮಾಡಿಕೊಂಡು ಅಂಗಳದ ಸುತ್ತ ತಿರುಗುತ್ತಿದ್ದರು. ಕೊನೆಗೆ ಅವರಿಗೆ ಸರಿ ಕಂಡ ಜಾಗ ಪಕ್ಕದ ಕಟ್ಟಡದ ಎರಡನೇ ಮಹಡಿಯ ವರಾಂಡ. ಆ ಕಾನ್ವೆಂಟಿನ ಸಿಸ್ಟರ್ ಒಬ್ಬರಿಗೆ ಅದೇನು ಹೇಳಿದರೋ, ಅವರು ಬೀಗ ತೆಗೆಸಿ ಕುರ್ಚಿಯನ್ನೂ ಹಾಕಿಸಿದ್ದರು.

ಮೇಲೆ ಹೋಗುವ ಮೊದಲು ನನ್ನನ್ನು ಕರೆದು ಗುಟ್ಟು ಹೇಳಿದರು. ಅಂಗಳದ ನಾಲ್ಕು ಮೂಲೆಗೆ, ಆಚೆ ಏನು ಕಾಣುತ್ತದೋ ಅದರಂತೆ, ನಾಲ್ಕು ಹೆಸರು: ಬಾವಿ, ಗೇಟು, ಮಾವಿನಮರ, ಆಫೀಸು. ಎಡ ಬಲ ಎಂದರೆ ಅವರ ಎಡ ನನಗೆ ಬಲವಾಗುತ್ತದೆ, ಕೋನದ ಗೊಂದಲ ಬೇಡ. ಅವರು ಮೇಲಿನಿಂದ ನೋಡಿ ಖಾಲಿ ಇರುವ ಮೂಲೆಯನ್ನು ಕೂಗುತ್ತಾರೆ, ನಾನು ಅಲ್ಲಿಗೆ ಚೆಂಡು ಎಸೆಯಬೇಕು.

"ಕೂಗಿದ್ರೆ ಅವರಿಗೂ ಕೇಳುತ್ತಲ್ಲ ಮಾಮ?"

"ಕನ್ನಡದಲ್ಲಿ ಕೂಗ್ತೀನಿ. ಕೊಚ್ಚಿಯಲ್ಲಿ ಯಾರಿಗೆ ಅರ್ಥ ಆಗುತ್ತೆ?"

ಪಂದ್ಯ ಶುರುವಾಯಿತು. ಮೇಲಿನಿಂದ "ಬಾವಿ ಖಾಲಿ" ಎಂದು ಬಂತು, ಬಾವಿ ಕಡೆ ಎಸೆದೆ. ಎದುರು ತಂಡದ ಹನ್ನೊಂದನೇ ನಂಬರಿನ ಹುಡುಗಿ ಅಲ್ಲಿ ನಿಂತಿದ್ದಳು, ಚೆಂಡು ಹಿಡಿದುಕೊಂಡು ಹೋದಳು. "ಗೇಟು" ಎಂದರು, ಗೇಟಿನ ಕಡೆಗೂ ಅವಳೇ. "ಮಾವಿನಮರ" ಎಂದರು, ಅವಳು ನನಗಿಂತ ಮೊದಲೇ ಮಾವಿನಮರದ ಕಡೆ ಹೊರಟಿದ್ದಳು. ಎಂಥ ಆಟಗಾರ್ತಿ ಎಂದು ನನಗೆ ಭಯವೂ ಭಕ್ತಿಯೂ ಒಟ್ಟಿಗೆ ಬಂದವು. ಅರ್ಧ ಆಟ ಮುಗಿಯುವಾಗ ನಾವು ಹನ್ನೆರಡು ಪಾಯಿಂಟ್ ಹಿಂದೆ. ಟೀಚರ್ ನನ್ನ ಮುಖವನ್ನೇ ನೋಡಲಿಲ್ಲ.

ನಲ್ಲಿಯಲ್ಲಿ ನೀರು ಕುಡಿಯುವಾಗ ಆ ಹನ್ನೊಂದನೇ ನಂಬರ್ ಪಕ್ಕದಲ್ಲಿ ಬಂದು ನಿಂತಳು.

"ಮೇಲೆ ಇರೂದು ನಿಮ್ಮ ಅಪ್ಪನಾ? ಲಾಯ್ಕ ಹೇಳಿಕೊಡ್ತಾರೆ ಮಾರಾಯ್ತಿ. ಸ್ವಲ್ಪ ಜೋರು ಹೇಳ್ಲಿಕ್ಕೆ ಹೇಳಿ, ಆಫೀಸಿನ ಮೂಲೆಗೆ ಸರೀ ಕೇಳೂದಿಲ್ಲ."

ಅವಳ ಊರು ಕಾಸರಗೋಡು. ಅಪ್ಪ ಏಲೂರಿನ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದರು. ಕೊಚ್ಚಿಗೆ ಬಂದ ಮೇಲೆ ಮನೆಯ ಹೊರಗೆ ಕನ್ನಡ ಕೇಳಿದ್ದು ಇದೇ ಮೊದಲಂತೆ, ತುಂಬಾ ಖುಷಿಯಾಯಿತಂತೆ. ನನಗೆ ಅವಳಷ್ಟು ಖುಷಿಯಾಗಲಿಲ್ಲ.

ಮಾಮನಿಗೆ ಹೇಳೋಣವೆಂದರೆ ಎರಡು ಮಹಡಿ ಹತ್ತಬೇಕು, ಅಷ್ಟರಲ್ಲಿ ಸೀಟಿ ಊದಿದರು. ಕೈಸನ್ನೆ ಮಾಡಿದೆ. ನಾನು ಹುರುಪಿನಿಂದ ಕೈಬೀಸುತ್ತಿದ್ದೇನೆಂದು ತಿಳಿದು ಅವರೂ ಎರಡೂ ಕೈ ಎತ್ತಿ ಬೀಸಿದರು. ಆಟ ಮತ್ತೆ ಶುರು. "ಬಾವಿ ಖಾಲಿ" ಎಂದು ಕೂಗು ಬಂತು, ಹನ್ನೊಂದನೇ ನಂಬರ್ ಬಾವಿ ಕಡೆ ಓಡಿದಳು. ಚೆಂಡು ನನ್ನ ಕೈಯಲ್ಲಿತ್ತು. ಮೊದಲ ಬಾರಿಗೆ ನಾನು ಅದನ್ನು ನೋಡಲಿಲ್ಲ. ಅವಳು ಓಡಿದ್ದರಿಂದ ಅವಳು ಬಿಟ್ಟುಹೋದ ಜಾಗ ನನಗೆ ಕಂಡಿತು. ಆ ಜಾಗಕ್ಕೆ ನಮ್ಮವಳೊಬ್ಬಳು ಬರುತ್ತಿರುವುದೂ ಕಂಡಿತು. ಅಲ್ಲಿಗೆ ಎಸೆದೆ, ನಮ್ಮವಳು ಬುಟ್ಟಿಗೆ ಹಾಕಿದಳು. "ಗೇಟು" ಎಂದರು, ಅವಳು ಗೇಟಿಗೆ ಓಡಿದಳು, ನಾನು ಆಫೀಸಿನ ಕಡೆ ಎಸೆದೆ. ಆಮೇಲಾಮೇಲೆ ಅವಳನ್ನು ನೋಡುವುದೂ ಬೇಕಾಗಲಿಲ್ಲ. ಹತ್ತು ಜನ ಎಲ್ಲೆಲ್ಲಿದ್ದಾರೆಂದು ತಿರುಗದೆಯೇ ತಿಳಿಯುತ್ತಿತ್ತು. ಹಾಗೊಂದು ಸುಖವನ್ನು ನಾನು ಅದಕ್ಕೆ ಮೊದಲು ಅನುಭವಿಸಿರಲಿಲ್ಲ.

ಮೇಲೆ ಮಾಮ ಹುಚ್ಚರಂತಾಗಿದ್ದರು. ನಾನು ಒಂದೊಂದು ಮಾತನ್ನೂ ತಿರುಚಿ ಆಡುತ್ತಿದ್ದೇನೆ, ಅದಕ್ಕೆ ಸರಿಯಾಗಿ ಚೆಂಡೂ ಬುಟ್ಟಿಗೆ ಬೀಳುತ್ತಿದೆ. ಸಂತೋಷಪಡಬೇಕೋ ಬೈಯಬೇಕೋ ತಿಳಿಯದೆ ಎರಡನ್ನೂ ಮಾಡುತ್ತಿದ್ದರು. "ಬಾವಿ ಕಣೇ, ಬಾವಿ" ಎಂದು ಅರ್ಧ ದೇಹ ಕಟಕಟೆಯಿಂದ ಹೊರಗೆ ಚಾಚಿ ಬಾವಿಯತ್ತ ಎಷ್ಟು ಗಾಬರಿಯಿಂದ ಕೈ ತೋರಿಸಿದರೆಂದರೆ, ಶಾಲೆಯ ವಾಚ್‌ಮನ್ ಓಡಿಹೋಗಿ ಬಾವಿಯೊಳಗೆ ಇಣುಕಿ ನೋಡಿದ. ಯಾರೂ ಬಿದ್ದಿಲ್ಲವೆಂದು ಅವನು ಅಲ್ಲಿಂದ ಕೈಸನ್ನೆ ಮಾಡಿದಾಗ ನಾವು ಕೊನೆಯ ಚೆಂಡನ್ನು ಬುಟ್ಟಿಗೆ ಹಾಕಿದ್ದೆವು. ಗೆದ್ದದ್ದು ಒಂದೇ ಪಾಯಿಂಟಿನಿಂದ.

ಟೀಚರ್ ನನ್ನ ತಲೆ ಮೇಲೆ ಕೈಯಿಟ್ಟು, "ಇಪ್ಪೋಳ್ ಕಣ್ಣು ತುರನ್ನಲ್ಲೋ ಮೋಳೇ" ಎಂದರು. ಈಗ ಕಣ್ಣು ತೆರೆಯಿತಲ್ಲ ಮಗಳೇ ಎಂದು. ಜಿಲ್ಲಾ ತಂಡಕ್ಕೆ ನನ್ನ ಹೆಸರು ಹೋಯಿತು. ನಾನು ಅಲ್ಲೇ ಅತ್ತುಬಿಟ್ಟೆ.

ವಾಪಸು ರೈಲಿನಲ್ಲಿ ಮಾಮ ಮುಖ ಊದಿಸಿಕೊಂಡು ಕಿಟಕಿಯ ಕಡೆ ತಿರುಗಿ ಕೂತಿದ್ದರು. ನನಗೆ ಅವರ ಅರವತ್ತು ವರ್ಷದ ಕೆನ್ನೆ ಕಾಣುತ್ತಿತ್ತು. ಎರಡನೆಯರ್ಧದಲ್ಲಿ ನನ್ನ ಒಂದು ಮಾತನ್ನಾದರೂ ಕೇಳಿದೆಯಾ ಎಂದು ಎರ್ನಾಕುಲಂ ಬಿಟ್ಟಾಗಲೇ ಕೇಳಿದ್ದರು. ಕೋಟ್ಟಯಂ ದಾಟಿದ ಮೇಲೆ ನಾನು ಧೈರ್ಯ ಮಾಡಿ ಹನ್ನೊಂದನೇ ನಂಬರಿನ ಸಂಗತಿಯನ್ನೆಲ್ಲ ಹೇಳಿದೆ. ಅವರು ಕೊಲ್ಲಂನಲ್ಲಿ ಇಳಿದು ಬಿಸಿ ಬಿಸಿ ಪಳಂಪೊರಿ, ಅಂದರೆ ಬಾಳೆಹಣ್ಣಿನ ಬಜ್ಜಿ, ತಂದು ಒಂದನ್ನು ನನಗೆ ಕೊಟ್ಟು, ಒಂದನ್ನು ತಾವು ಕಚ್ಚಿದರು.

"ಹಂಗಾದ್ರೆ ಮೊದಲರ್ಧ ನಾನು ಅವರ ಕೋಚ್ ಆಗಿದ್ದೆ ಅನ್ನು."

"ಹೌದು ಮಾಮ."

"ಹೇಳಿದ ಮಾತು ಚೆನ್ನಾಗಿ ಕೇಳ್ತಾಳೆ ಅವಳು," ಎಂದರು. ಆಮೇಲೆ ನಗು ತಡೆಯಲಾರದೆ ಬಾಳೆಹಣ್ಣಿನ ಚೂರು ಗಂಟಲಿಗೆ ಸಿಕ್ಕಿ, ಎದುರಿನವರು ಅವರ ಬೆನ್ನು ತಟ್ಟಬೇಕಾಯಿತು.

ಮುಂದಿನ ಶನಿವಾರ ನಾನು ಮೇಲೆ ಹೋದಾಗ ಕಂಪ್ಯೂಟರಿನ ಮುಂದಿನ ಕುರ್ಚಿ ಖಾಲಿಯಿತ್ತು. "ಕ್ಯಾಮೆರಾ ನೀನೇ ಇಟ್ಕೋ," ಎಂದರು. ನಾನು ಸ್ಮಿತಾಳಷ್ಟು ಹತ್ತಿರವೂ ಅಲ್ಲದ, ಅವರಷ್ಟು ದೂರವೂ ಅಲ್ಲದ ಒಂದು ಕಡೆ ಇಟ್ಟೆ. ಅವರಿಗೆ ಅದು ಒಂದಿಷ್ಟೂ ಒಪ್ಪಿಗೆಯಾಗಲಿಲ್ಲ. ಕೈ ಮುಂದೆ ಬರದಂತೆ ಎರಡನ್ನೂ ಬೆನ್ನ ಹಿಂದೆ ಕಟ್ಟಿಕೊಂಡು, ತುಟಿ ಕಚ್ಚಿ ನಿಂತಿದ್ದರು. ಆದರೂ ಅಂದಿನಿಂದ ಆ ಪುಟವನ್ನು ಅವರು ಮುಟ್ಟಲಿಲ್ಲ. ಅವರ ಪಾಲಿಗೆ ಅದೆಷ್ಟು ಕಷ್ಟದ ಕೆಲಸವೆಂದು ಆಗ ನನಗೆ ತಿಳಿದಿರಲಿಲ್ಲ. ನನಗೀಗ ಇಬ್ಬರು ಮಕ್ಕಳು, ಈಗ ತಿಳಿಯುತ್ತದೆ.

ಆಮೇಲೆ ನಮಗೆ ವರ್ಗವಾಯಿತು. ನಾನು ಕಾಲೇಜು ಮುಗಿಯುವವರೆಗೂ ಆಡಿದೆ, ಈಗ ಶಾಲೆಯೊಂದರಲ್ಲಿ ಆಟ ಕಲಿಸುತ್ತೇನೆ. ಮಾಮ ನಿವೃತ್ತರಾಗಿ ಮೈಸೂರು ಸೇರಿದರು. ಹೋದ ವರ್ಷ ತೀರಿಕೊಂಡ ಸುದ್ದಿ ಸ್ಮಿತಾಳಿಂದ ಬಂತು. ವೈಕುಂಠ ಸಮಾರಾಧನೆಯ ದಿನ ಹೋದೆ. ಊಟದ ಪಂಕ್ತಿಯಲ್ಲಿ ಅತ್ತೆ ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡು, ಇವಳೇ ಎಂದು ಯಾರಿಗೋ ಹೇಳಿದರು. ಎದುರು ಸಾಲಿನಲ್ಲಿದ್ದ ಹಿರಿಯರೊಬ್ಬರು, ಮಾಮನ ಜೊತೆ ದಿನಾ ವಾಕಿಂಗ್ ಹೋಗುತ್ತಿದ್ದವರಂತೆ, ಊಟ ನಿಲ್ಲಿಸಿ ನನ್ನನ್ನು ನೋಡಿದರು.

"ಓ, ಅದು ನೀವೇನಮ್ಮಾ? ಕೊಚ್ಚಿಯಲ್ಲಿ ಅವರು ಮಹಡಿ ಮೇಲಿಂದ ಹೇಳಿದ್ದನ್ನ ಒಂದಕ್ಷರ ತಪ್ಪದೆ ಕೇಳಿ ಮ್ಯಾಚ್ ಗೆದ್ದೋರು? ನಮಗೆ ನೂರು ಸಲ ಹೇಳಿದಾರೆ."

ಬಡಿಸುತ್ತಿದ್ದ ಸ್ಮಿತಾ ಸಾರಿನ ಪಾತ್ರೆ ಹಿಡಿದುಕೊಂಡೇ ನಿಂತಳು. ಅವಳಿಗೆ ನಗುವೂ ಬರುತ್ತಿತ್ತು, ಅಳುವೂ ಬರುತ್ತಿತ್ತು.

ನಾನು ಆ ಹಿರಿಯರಿಗೆ ಹೌದು ಎಂದೆ. ಮಾಮ ಹೇಳಿಕೊಟ್ಟ ಹಾಗೇ ಆಡಿದೆ ಎಂದೆ. ಹೇಳಿದ ಮೇಲೆ, ಅದರಲ್ಲಿ ಸುಳ್ಳೇನೂ ಇಲ್ಲ ಎನಿಸಿತು.