ಬಿಟ್ಟು ಓದಿದ ಸಾಲು

ಜರ್ಮನರಲ್ಲಿ ಹೆಚ್ಚಿನವರು ತಮ್ಮ ಅಜ್ಜಂದಿರ ಕಾಗದಗಳನ್ನು ಓದಲಾರರು. ನಮ್ಮಲ್ಲಿ ಮೋಡಿ ಲಿಪಿ ಬಲ್ಲವರು ಅಪರೂಪವಾದಂತೆ, ಅಲ್ಲಿ ಹಳೆಯ ಮೊನಚು ಕೈಬರಹ ಬಲ್ಲವರೂ ಅಪರೂಪ. ಫ್ರಾಂಕ್‌ಫರ್ಟಿನಲ್ಲಿ ಅದನ್ನು ಓದಿ ಹೇಳುವವರಲ್ಲಿ ಮೈಸೂರಿನ ಪ್ರೇಮಕುಮಾರಿ ಒಬ್ಬರು. ಎರಡನೆಯ ಮಹಾಯುದ್ಧದ ನಂತರದ ಜರ್ಮನ್ ಕಾದಂಬರಿಗಳ ಮೇಲೆ ಸಂಶೋಧನೆಗೆಂದು ಬಂದು, ಅವನ್ನೇ ಮೂವತ್ತು ವರ್ಷ ಪಾಠ ಮಾಡಿ ನಿವೃತ್ತರಾದವರು. ಅಪ್ಪಂದಿರು ಮುಚ್ಚಿಟ್ಟದ್ದನ್ನು ಮಕ್ಕಳು ಕೆದಕುವ ಕಥೆಗಳವು. ಮುಚ್ಚಿಡುವುದೂ ಅಪರಾಧವೇ ಎಂದು ತರಗತಿಯಲ್ಲಿ ಹೇಳುವುದು ಅವರಿಗೆ ಎಂದೂ ಕಷ್ಟವಾಗಿರಲಿಲ್ಲ.

“ಸತ್ತೋರ ಕಾಗದ ಓದಕ್ಕೆ ಇಡೀ ಊರಲ್ಲಿ ನೀನೇ ಸಿಕ್ಕಿದ್ಯಾ ಅಮ್ಮ? ಮೊದಲು ಕಣ್ಣಿನ ಡಾಕ್ಟರ್ ಹತ್ರ ಅಪಾಯಿಂಟ್‌ಮೆಂಟ್ ತಗೋ,” ಎಂದು ಮಗಳು ಸ್ಮಿತಾ ಫೋನಿನಲ್ಲಿ ಚುಚ್ಚುತ್ತಿದ್ದಳು.

ಆರು ವರ್ಷದ ಹಿಂದೆ ಒಬ್ಬ ವೃದ್ಧರಿಗೆ ಅವರ ಅಣ್ಣ ರಣರಂಗದಿಂದ ಬರೆದ ಕಾಗದವನ್ನು ಓದಿ ಪ್ರತಿ ಮಾಡಿಕೊಡುವಾಗ, ಹಳ್ಳಿಯೊಂದನ್ನು ಜನರ ಸಮೇತ ಸುಟ್ಟೆವೆಂಬ ಸಾಲನ್ನು ಪ್ರೇಮಕುಮಾರಿ ಬಿಟ್ಟುಬಿಟ್ಟರು. ಕನಿಕರ ಬಂದಿತ್ತು, ಅಷ್ಟೆ. ವೃದ್ಧರು ತೀರಿಕೊಂಡಾಗ ಪಾದ್ರಿ ಅದೇ ಪ್ರತಿಯನ್ನು ಚರ್ಚಿನಲ್ಲಿ ಎಲ್ಲರೆದುರು ಓದಿದರು. ಮೂರನೆಯ ಬೆಂಚಿನಲ್ಲಿದ್ದ ಪ್ರೇಮಕುಮಾರಿಗೆ ಕೇಳಿಸಿದ್ದು ಅಲ್ಲಿ ಇಲ್ಲದ ಸಾಲೊಂದೇ. ಅಂದಿನಿಂದ ಬಟ್ಟೆ ಮಡಿಸುವಾಗಲೂ ಆ ಓರೆ ಅಕ್ಷರಗಳು ಕಣ್ಣೆದುರು ಬಂದು ನಿಲ್ಲುತ್ತವೆ.

ಈ ಚಳಿಗಾಲ ಮೇಲಿನ ಮನೆಯ ಗುಡ್ರುನ್ ತಮ್ಮ ತಂದೆಯ ಕಾಗದಗಳನ್ನು ತಂದರು. ಎಂಬತ್ತನಾಲ್ಕು ವರ್ಷದ ಆಕೆ ಪ್ರೇಮಕುಮಾರಿಗೆ ಆ ಕಟ್ಟಡದಲ್ಲಿದ್ದ ಒಬ್ಬರೇ ಗೆಳತಿ.

“ಅಪ್ಪ ಸೈನ್ಯದಲ್ಲಿ ಅಡುಗೆಯವರು. ಸೌಟು ಹಿಡಿದೇ ಯುದ್ಧ ಮಾಡಿದರು ಅಂತ ಅಮ್ಮ ನಗುತ್ತಿದ್ದಳು,” ಎಂದರು.

ಐದನೆಯ ಕಾಗದದ ನಡುವೆ ಪ್ರೇಮಕುಮಾರಿಯ ಬೆರಳು ನಿಂತಿತು.

“ಏನದು?” ಎಂದರು ಗುಡ್ರುನ್.

ಪ್ರೇಮಕುಮಾರಿ ಓದಿದರು: “‘ಶಾಲೆಯಲ್ಲಿ ಕೂಡಿಹಾಕಿದವರಿಗೆ ಇನ್ನು ಗಂಜಿ ಬೇಡವೆಂದು ಆಜ್ಞೆ ಬಂತು. ಮುನ್ನೂರು ಜನ, ಮಕ್ಕಳೂ ಸೇರಿ. ನಮ್ಮವರಿಗೆ ಎರಡೆರಡು ಪಾಲು ಬಡಿಸಿದೆ.’”

ಗುಡ್ರುನ್ ಆ ಕಾಗದವನ್ನು ತಮ್ಮತ್ತ ಎಳೆದುಕೊಂಡರು. ಆಮೇಲೆ, “ಅಷ್ಟನ್ನು ನೀವು ಬಿಟ್ಟು ಓದಬಹುದಿತ್ತು,” ಎಂದರು.

“ಓದಬಹುದಿತ್ತು.”

ಕಾಗದಗಳನ್ನು ಬಾಚಿಕೊಂಡು ಗುಡ್ರುನ್ ಹೊರಟುಹೋದರು. ಎರಡು ವಾರ ಮೆಟ್ಟಿಲಲ್ಲಿ ಎದುರಾದರೂ ಮಾತಿಲ್ಲ. ಮೇಲಿನಿಂದ ಹೆಜ್ಜೆಯ ಸದ್ದು ಮಾತ್ರ, ಅಡುಗೆಮನೆಯಿಂದ ಕಿಟಕಿಗೆ, ಕಿಟಕಿಯಿಂದ ಅಡುಗೆಮನೆಗೆ.

ಮೂರನೆಯ ಭಾನುವಾರ ಅವರೇ ಬಂದು, ಕೋಟು ಬಿಚ್ಚದೆ ಕೂತು, ಉಳಿದ ಕಾಗದಗಳನ್ನು ಮೇಜಿನ ಮೇಲಿಟ್ಟರು.

“ಆರನೆಯದು,” ಎಂದರು. “ಆ ಮಕ್ಕಳ ವಿಷಯ ಬರೆದಿದ್ದರೆ ಮೊದಲು ಅದನ್ನೇ ಓದಿ.”