ಬತ್ತಿದ ಬಾವಿಯ ಬೆಲೆ

ನಮ್ಮ ಕೆ.ಆರ್. ಪುರದ ಮನೆಯ ಬಾವಿಗೆ ಇವತ್ತು ಬೆಲೆ ಕಟ್ಟಿದರು ಗೆಳೆಯರೇ. ರಸ್ತೆ ಅಗಲ ಮಾಡಲು ನಮ್ಮ ಅಂಗಳ ಹೋಗುತ್ತದೆ, ಅದರ ಜೊತೆಗೆ ಬಾವಿಯೂ. ಪರಿಹಾರದ ಪಟ್ಟಿ ಬರೆಯಲು ಬಂದ ಅಧಿಕಾರಿ ಒಳಗೆ ಇಣುಕಿ, "ನೀರೇ ಇಲ್ವಲ್ಲಮ್ಮ. ಬತ್ತಿದ ಬಾವಿ ಅಂತ ಬರ್ಕೊಳ್ತೀನಿ, ಇದಕ್ಕೇನೂ ಬರಲ್ಲ" ಎಂದರು.

ಅಮ್ಮ ಒಳಗೆ ಹೋಗಿ ಪಾತಾಳಗರಡಿ ತಂದರು. ಬಾವಿಗೆ ಬಿದ್ದ ಕೊಡ ಎತ್ತುವ ಆ ಕಬ್ಬಿಣದ ಕೊಕ್ಕೆಗಳ ಗೊಂಚಲು ಇಡೀ ಬೀದಿಯಲ್ಲಿ ನಮ್ಮ ಮನೆಯಲ್ಲಿ ಮಾತ್ರ ಇತ್ತು. ಬೇಕಾದವರು ಒಂದು ಪಾತ್ರೆ ಒತ್ತೆ ಇಟ್ಟೇ ಒಯ್ಯಬೇಕು, ಅದು ಅಜ್ಜಿಯ ಕಾಲದ ಪದ್ಧತಿ. ಹಿಂದಿನ ಬೀದಿಯ ಶಾಹಿದಾ ಆಂಟಿಯ ತಟ್ಟೆ, ಎದುರುಮನೆ ಸೆಲ್ವಿ ಅಕ್ಕನ ಚೊಂಬು, ಹೀಗೆ ನಮ್ಮ ಅಡುಗೆಮನೆಯಲ್ಲಿ ಸದಾ ಯಾರದ್ದಾದರೂ ಪಾತ್ರೆ ಇರುತ್ತಿತ್ತು. ಗರಡಿ ಹಿಂದಿರುಗಿಸಲು ಬಂದವರು ಕಾಫಿ ಕುಡಿಯದೆ ಹೋದದ್ದು ನನಗೆ ನೆನಪಿಲ್ಲ.

"ನೋಡಿ ಸಾರ್, ಈ ಗರಡಿ ಕೊಡೋಕೇ ನಾವು ಒತ್ತೆ ಇಸ್ಕೊಳ್ತಿದ್ವಿ. ನೀವು ಬಾವೀನೇ ತಗೊಂಡ್ ಹೋಗ್ತಿದ್ದೀರ. ಏನಿಟ್ಟು ಹೋಗ್ತೀರ?" ಎಂದರು ಅಮ್ಮ.

ಅಧಿಕಾರಿ ನಕ್ಕರು. ಅಮ್ಮ ನಗಲಿಲ್ಲ.

"ರೂಲ್ಸಲ್ಲಿ ಹಂಗೆಲ್ಲಾ ಇಲ್ಲಮ್ಮ" ಎಂದು ಗೊಣಗಿದ ಆ ಮನುಷ್ಯ, ಹೊರಡುವಾಗ ಬ್ಯಾಗಿನಿಂದ ತಮ್ಮ ಸ್ಟೀಲ್ ನೀರಿನ ಬಾಟಲಿ ತೆಗೆದು ಬಾವಿಕಟ್ಟೆಯ ಮೇಲೆ ಇಟ್ಟೇ ಹೋದರು.

ಅಮ್ಮ ಅದನ್ನು ತೊಳೆದು ಒತ್ತೆ ಪಾತ್ರೆಗಳ ಹಳೇ ಜಾಗದಲ್ಲಿ ಬೋರಲು ಹಾಕಿದ್ದಾರೆ. ಸರ್ಕಾರ ಬಾವಿ ವಾಪಸ್ ತಂದುಕೊಟ್ಟ ದಿನ ಬಾಟಲಿ ಕೊಡುತ್ತಾರಂತೆ, ಕಾಫಿಯ ಜೊತೆಗೆ.